ನಾರ್ಡಾಲಿನ ಸಿಹಿನೀರು

ಡೀಸೆಲ್ ಎಂಜಿನ್ ಬಂದ ಮೇಲೆ ರೈಲು ನಾರ್ಡಾಲಿನಲ್ಲಿ ನಿಲ್ಲುವುದನ್ನು ಬಿಟ್ಟಿತು. ಉಗಿ ಎಂಜಿನ್ನಿನ ಹಾಗೆ ಅದಕ್ಕೆ ನೀರಡಿಕೆಯಿಲ್ಲ. ಆದರೂ ಪಂಪಿನ ಕೆಲಸದ ಅಸ್ಲಾಕ್ ದಿನಾ ಬೆಳಿಗ್ಗೆ ಹಳಿಯ ಪಕ್ಕ ಬಂದು ನಿಲ್ಲುತ್ತಿದ್ದ. ಡ್ರೈವರು ಕೈ ಕೂಡ ಎತ್ತುತ್ತಿರಲಿಲ್ಲ. ರೈಲು ಹೋದ ಮೇಲೆ ಡಕೋಟಾದ ಬಯಲಿನಲ್ಲಿ ಹುಲ್ಲು ಅಲುಗುವ ಸದ್ದು ಮಾತ್ರ.

ಒಂದು ಕಾಲದಲ್ಲಿ ಇಲ್ಲಿ ಬ್ಯಾಂಕಿತ್ತು, ಎರಡು ಹೋಟೆಲಿದ್ದವು, ಶನಿವಾರ ಸಂಜೆ ಪಿಟೀಲು ಕೇಳುತ್ತಿತ್ತು. ರೈಲು ಕಂಪನಿ ಗೋಧಿಯ ಕಣಜ ಕಿತ್ತಿತು, ಸ್ಟೇಷನ್ನಿಗೆ ಬೀಗ ಜಡಿಯಿತು. ಜನ ತಮ್ಮ ಮರದ ಮನೆಗಳನ್ನೇ ದಿಮ್ಮಿಗಳ ಮೇಲೇರಿಸಿ ಪಕ್ಕದೂರಿಗೆ ಎಳೆದುಕೊಂಡು ಹೋದರು. ಉಳಿದದ್ದು ಐದಾರು ಮನೆ, ಒಂದು ಚರ್ಚು, ಅದರ ಹಿಂದಿನ ಸಮಾಧಿಗಳು. ಅಲ್ಲಿ ಅಸ್ಲಾಕನ ಹೆಂಡತಿ ಮಲಗಿದ್ದಳು. ಆಮೇಲೆ, ಹಳಿಯ ಪಕ್ಕ, ಎಂಜಿನ್ನಿಗೆ ನೀರು ಕೊಡುತ್ತಿದ್ದ ಈ ಬಾವಿ. ಸುತ್ತ ಎಲ್ಲಿ ತೋಡಿದರೂ ದನವೂ ಮೂಸದ ಸವುಳು ನೀರು. ಸಿಹಿನೀರು ಇದೊಂದರಲ್ಲೇ.

ತೋಡಿದವರು ಊರಿನವರು, ನಾರ್ವೆಯಿಂದ ಆಗತಾನೇ ಬಂದಿದ್ದವರು. ಕೂಲಿ ಕೇಳಲಿಲ್ಲ. ಕಂಪನಿಯ ಸಾಹೇಬ ಚರ್ಚಿನಲ್ಲಿ ಅವರ ಪಕ್ಕವೇ ಮಂಡಿಯೂರಿ, "ಈ ನೀರು ನಮ್ಮ ಎಂಜಿನ್ನಿಗೂ, ನಿಮ್ಮ ಮೊಮ್ಮಕ್ಕಳಿಗೂ" ಎಂದಿದ್ದ. ಪ್ರಾರ್ಥನೆ ಮಾಡಿದ ಬಾಯಿಂದ ಬಂದ ಮಾತಿಗೆ ಕಾಗದ ಯಾಕೆ ಅಂದುಕೊಂಡರು. ನೆಲ ಮಾತ್ರ ಕಂಪನಿಯದಾಗಿತ್ತು.

ಚಳಿ ಹಿಡಿಯುವ ಮುಂಚೆ ಹಳಿ ರಿಪೇರಿ ಗ್ಯಾಂಗಿನ ಮೇಸ್ತ್ರಿ ಬಾರ್ಲೋ ತನ್ನ ಆಳುಗಳೊಂದಿಗೆ ಜಲ್ಲಿ ತುಂಬಿದ ವ್ಯಾಗನ್ ತಂದು ಬಾವಿಯ ಪಕ್ಕ ನಿಲ್ಲಿಸಿದ.

"ಪಂಪ್ ಬಿಚ್ಚು, ಅಜ್ಜ. ಬಾವಿ ಮುಚ್ಚಬೇಕು."

"ಯಾಕ್ರೀ? ಅದೇನ್ ಮಾಡ್ತು ನಿಮಗೆ?"

"ಯಾರಾದ್ರೂ ಬಿದ್ದು ಸತ್ರೆ ಕಂಪನಿ ತಲೆಗ್ ಬರುತ್ತೆ."

"ಇಷ್ಟು ವರ್ಷ ಯಾರೂ ಬಿದ್ದಿಲ್ಲ. ಮುಚ್ಚಿದ್ರೆ ಕುಡಿಯೋದೇನು?"

"ಬೇರೆ ಊರಿಗೆ ಹೋಗಿ. ಇಲ್ಲೇನಿದೆ, ಗಾಳಿ ಬಿಟ್ರೆ?"

ಬಾಗಿಲು ಮುಚ್ಚಿದ ಹೋಟೆಲಿನ ಒಡತಿ, ವಿಧವೆ ಸಿಗ್ನೆ ನೀರಿಗೆ ಬಂದಿದ್ದಳು. "ಆ ಗಾಳೀನೂ ವ್ಯಾಗನ್ನಿಗೆ ತುಂಬ್ಕೊಂಡ್ ಹೋಗಪ್ಪ, ನೀವು ಬಿಟ್ಟಿರೋದು ಅದೊಂದೇ" ಎಂದಳು. ಗ್ಯಾಂಗಿನವರು ನಕ್ಕರು. ಬಾರ್ಲೋ ನಗಲಿಲ್ಲ.

ಅಸ್ಲಾಕ್ ಪಾನಾ ಹಿಡಿದು ಏಣಿಯಿಳಿದ. ಬಾವಿಯ ನಡುಮಟ್ಟದಲ್ಲಿ ಹಲಗೆಯ ಅಟ್ಟ, ಅದರ ಮೇಲೆ ಪಂಪು. ಬೋಲ್ಟಿಗೆ ಪಾನಾ ಹಚ್ಚಿದ. ತಿರುಗಿಸಲು ಕೈ ಬರಲಿಲ್ಲ. ಇಲ್ಲಿ ಕೆಲಸ ಮಾಡುವಾಗ ಹೆಂಡತಿ ಹಗ್ಗಕ್ಕೆ ಕಾಫಿ ಡಬ್ಬಿ ಕಟ್ಟಿ ಇಳಿಸುತ್ತಿದ್ದಳು; ಡಬ್ಬಿ ಗೋಡೆಗೆ ತಾಗುವ ಸದ್ದಿಗೇ ಹಸಿವಾಗುತ್ತಿತ್ತು. ಈಗ ಬಾಯಿಗೆ ಬಂದ ಒಂದು ಕೀರ್ತನೆಯನ್ನು ಮೆಲ್ಲಗೆ ಹೇಳಿಕೊಂಡ. ಅವನದೇ ದನಿ ಸುತ್ತಿ ಅವನಿಗೇ ಬಂತು.

"ಬಿಚ್ಚಿದ್ಯಾ?" ಬಾರ್ಲೋ ಕೂಗಿದ.

"ಇಲ್ಲ."

"ಪಂಪ್ ಹಾಳಾಗೋಗ್ಲಿ, ಮೇಲೆ ಬಾ!"

"ಬರಲ್ಲ. ಸುರಿ."

"ತಲೆ ಕೆಟ್ಟಿದ್ಯಾ? ಪಿಂಚಣಿ ಹೋಗುತ್ತೆ ನೋಡು!"

"ಹೋಗ್ಲಿ."

"ಎಷ್ಟ್ ಹೊತ್ತು ಕೂರ್ತೀಯ ಒಬ್ಬನೇ?"

ಅಸ್ಲಾಕ್ ಪಾನಾ ಕೆಳಗಿಟ್ಟ. ಹಲಗೆಯ ಮೇಲೆ ಕುಳಿತ. ಮೇಲೆ ಸಲಿಕೆಗಳು ಜಲ್ಲಿಗೆ ತಾಗಿದವು. ಅವನು ಕಣ್ಣು ಮುಚ್ಚಿದ.

ಜಲ್ಲಿ ಬೀಳಲಿಲ್ಲ. ಏಣಿ ಅಲುಗಿತು. ಕಣ್ಣು ತೆರೆದರೆ ಒಂದು ಉಣ್ಣೆಯ ಕಾಲುಚೀಲ, ಮೆಟ್ಟಿಲಿಗಾಗಿ ತಡಕಾಡುವ ಒಂದು ಬೂಟು.

"ಸರ್ಕೊ ಅಸ್ಲಾಕಣ್ಣ," ಎಂದಳು ಸಿಗ್ನೆ, ಏದುಸಿರು ಬಿಡುತ್ತಾ. "ನನ್ನ ಮೊಣಕಾಲು ನೆಟ್ಟಗಿಲ್ಲ, ಬಿದ್ರೆ ನಿನ್ನ ಮೇಲೇ."

ಅವನು ಗೋಡೆಗೆ ಒತ್ತಿಕೊಂಡ.

"ಇನ್ನೂ ಸರ್ಕೊ. ಊರಿನ ಉಳಿದೋರೂ ಇಳೀಬೇಕಲ್ಲ."