ಮೊಂಜಿಯಾಳ ಹೂನೀರು

ಮೂರು ಪರದೆ, ಒಂದು ಸೋಫಾ, ತವರಿನಿಂದ ತಂದಿದ್ದ ತಾಮ್ರದ ಹರಿವಾಣ. ಗಂಡನ ರಸಾಯನಶಾಸ್ತ್ರ ಈ ಮನೆಯಲ್ಲಿ ಸುಟ್ಟುಹಾಕಿದ್ದನ್ನೆಲ್ಲ ಲೆಕ್ಕ ಹಾಕುತ್ತಲೇ ಮೊಂಜಿಯಾ ಕಪಾಟಿನೊಳಗೆ ಶೀಸೆ ತಡಕುತ್ತಿದ್ದಳು. ಅಂಗಳದಾಚೆಯ ಕೋಣೆಯಲ್ಲಿ ತೀರಿಕೊಂಡ ಗಂಡ ಮುಖ್ತಾರನ ಮೈ ತೊಳೆದಾಗಿತ್ತು. ಶವಕ್ಕೆ ಹೊದಿಸಿದ ಕಫನಿನ ಮೇಲೆ ಚಿಮುಕಿಸಲು ಕಿತ್ತಳೆ ಹೂವಿನ ನೀರಿಗಾಗಿ ಗಂಡಸರು ಕಾದಿದ್ದರು.

"ಬೇಗ ಕೊಡಿ ಅತ್ತಿಗೆ," ನಾದಿನಿ ಜನೇನಾ ಅವಸರಪಡಿಸಿದಳು. "ಗಣಿ ಊರುಗಳಿಗೆ ಕುಡಿಯೋ ನೀರು ಕೊಟ್ಟ ವಿಜ್ಞಾನಿ ಅಂತ ರೇಡಿಯೋದಲ್ಲೂ ಹೇಳಿದ್ರು. ಊರೆಲ್ಲ ಬಾಗಿಲಲ್ಲಿದೆ."

"ಊರಿಗೆ ನೀರು ಕೊಟ್ರು ಸರಿ. ನನ್ನ ಹೂನೀರು ಚೆನ್ನಾಗಿದೆ ಅಂತ ಒಂದ್ಸಲ ಅಂದ್ರಾ? ಈ ವರ್ಷದ್ದು ಕೊಡ್ಲೋ, ಹೋದ ವರ್ಷದ್ದೋ? ಯಾವುದು ಹಾಕಿದ್ರೂ ಆ ಮನುಷ್ಯ ಎದ್ದು ಕೂತು ತಪ್ಪು ಹೇಳ್ತಾರೆ ನೋಡು!"

*

ಪ್ರತಿ ವಸಂತದಲ್ಲೂ ಇದೇ ಕತೆ. ನಬೇಲ್ ಊರಿನ ಮನೆಮನೆಯಲ್ಲೂ ಹೂವಿನ ಬಟ್ಟಿ ಇಳಿಸುವ ಕಾಲ. ಮೊದಲ ಶೀಸೆಯನ್ನು ಅವಳು ಮುಖ್ತಾರನ ಮುಂದಿಡುತ್ತಿದ್ದಳು. ಅವನು ಶೀಸೆಗೆ ಮೂಗು ತಾಗಿಸುತ್ತಿರಲಿಲ್ಲ. ಪ್ರಯೋಗಶಾಲೆಯ ರೂಢಿಯಂತೆ ಅಂಗೈ ಬೀಸಿ, ಅದರ ಗಾಳಿಯನ್ನಷ್ಟೇ ತನ್ನತ್ತ ತಂದುಕೊಳ್ಳುತ್ತಿದ್ದ.

"ನಾನೇನು ವಿಷ ಕೊಟ್ಟೆನಾ?"

"ಇರು." ಕಣ್ಣು ಮುಚ್ಚಿ ತುಸು ಹೊತ್ತು ಕೂತು ಹೇಳುತ್ತಿದ್ದ, "ಹಳೇದು ಇದಕ್ಕಿಂತ ಚೆನ್ನಾಗಿತ್ತು."

ಮರುವರ್ಷ ಅವಳು ಬೇರೆ ತೋಟದ ಹೂ ತರಿಸಿದಳು. ಅದರ ಮರುವರ್ಷ ನಸುಕಿನಲ್ಲಿ ತಾನೇ ಹೋಗಿ ಬಿಡಿಸಿದಳು. ಉರಿ ತಗ್ಗಿಸಿದಳು, ತಪ್ಪಲೆಯ ಪಕ್ಕದಿಂದ ಏಳದೆ ಕೂತಳು. ಸುತ್ತಲ ಊರಿನವರು ಮದುವೆಗೆ ಅವಳ ಹೂನೀರೇ ಬೇಕೆಂದು ಹಟ ಹಿಡಿಯುವಂತಾಯಿತು. ಮುಖ್ತಾರ್ ಮಾತ್ರ ಅಂಗೈ ಬೀಸಿ ಅದೇ ಮಾತು ಹೇಳಿದ.

*

"ಯಾವುದಾದ್ರೇನಮ್ಮ," ಎಂದಳು ಜನೇನಾಳ ಹಿಂದೆ ನಿಂತಿದ್ದ ಹಾಜೆರ್. ಮುಖ್ತಾರನ ಮೊದಮೊದಲ ಶಿಷ್ಯೆ, ಈಗ ಅವಳ ತಲೆಯೂ ನರೆತಿತ್ತು. "ಸಾರ್‌ಗೆ ವಾಸನೆ ಎಲ್ಲಿ ತಿಳೀತಿತ್ತು?"

ಮೊಂಜಿಯಾಳ ಕೈ ನಿಂತಿತು. "ಏನಂದೆ?"

ಹಾಜೆರ್ ನಾಲಿಗೆ ಕಚ್ಚಿಕೊಂಡಳು. "ಹೇಳ್ಬಾರ್ದು ಅಂತ ಮಾತು ತಗೊಂಡಿದ್ರು. ನಿಮ್ಮ ಮದುವೆಯ ಮರುವರ್ಷ ಲ್ಯಾಬಿನಲ್ಲಿ ಅಮೋನಿಯಾ ಸಿಡಿದಾಗಲೇ ಮೂಗು ಹೋಯ್ತಮ್ಮ. ಆಮೇಲೆ ಲ್ಯಾಬಿನಲ್ಲಿ ಏನಿದ್ರೂ ನಾವೇ ಮೂಸಿ ಹೇಳ್ತಿದ್ವಿ. ನೀವು ಮದುವೆಯಾದ ವರ್ಷ ಇಳಿಸಿದ ಹೂನೀರಿದೆಯಲ್ಲ, ಅದರ ಮಾತು ಎತ್ತಿದ್ರೆ ನಿಲ್ಲಿಸ್ತಿರ್ಲಿಲ್ಲ. ಅವರಿಗೆ ನೆನಪಿದ್ದ ಪರಿಮಳ ಅದೊಂದೇ."

"ಅದಾ?" ಮೊಂಜಿಯಾ ಒಂದು ಶೀಸೆ ಎತ್ತಿಕೊಂಡು ಕಪಾಟಿನ ಬಾಗಿಲನ್ನು ದಡಾರನೆ ಹಾಕಿದಳು. "ಅದನ್ನ ಅರ್ಧ ಸೀಯಿಸಿದ್ದೆ ಕಣೇ ನಾನು! ಒಂದು ಮಾತು ಬಾಯಿಬಿಟ್ಟು ಹೇಳಿದ್ರೆ ಇವರ ಗಂಟೇನು ಹೋಗ್ತಿತ್ತು?"

ಜನೇನಾ ಚಾಚಿದ ಕೈಗೆ ಶೀಸೆ ಕೊಡದೆ ತಾನೇ ಅಂಗಳ ದಾಟಿದಳು. ಗಂಡಸರು ಪಕ್ಕಕ್ಕೆ ಸರಿದರು. ಮುಖ್ತಾರನ ಮುಖವನ್ನಷ್ಟೇ ಇನ್ನೂ ಮುಚ್ಚಿರಲಿಲ್ಲ.

ಈ ವರ್ಷದ ನೀರನ್ನು ಬಟ್ಟೆಯ ಮೇಲೆ ಕೈತುಂಬ ಚಿಮುಕಿಸಿದಳು. ನಬೇಲಿನಲ್ಲಿ ಅದಕ್ಕಿಂತ ಒಳ್ಳೆಯ ಹೂನೀರು ಇರಲಿಲ್ಲ. ಅದರ ಪರಿಮಳ ಅವನಿಗೆ ಒಮ್ಮೆಯೂ ಸಿಕ್ಕಿರಲಿಲ್ಲ.

ಶೀಸೆಯಲ್ಲಿ ತಳಕ್ಕೆ ಒಂದಿಷ್ಟು ಉಳಿದಿತ್ತು. ಅದನ್ನು ಅವನ ಕೆನ್ನೆಯ ಪಕ್ಕ ಹಿಡಿದು, ಅಂಗೈಯಿಂದ ಮೆಲ್ಲಗೆ ಅವನ ಮೂಗಿನತ್ತ ಗಾಳಿ ಬೀಸಿದಳು.