ಭೈರೇಶ್ ಹಾಕದ ಬಾಗಿಲು

ನಾಯಂಡಹಳ್ಳಿಯ ಗೋಡೌನಿನೊಳಗೆ ಶೂಟಿಂಗಿಗೆಂದು ಕಟ್ಟಿದ್ದ ಮನೆಯ ಬಾಗಿಲನ್ನು ಭೈರೇಶ್ ಮತ್ತೊಮ್ಮೆ ಮೆಲ್ಲಗೆ ಮುಚ್ಚಿದ.

“ಕಟ್!” ನಿರ್ದೇಶಕ ಜೀವನ್ ಹಣೆ ಒತ್ತಿಕೊಂಡ. “ಭೈರಣ್ಣಾ, ಕೋಪ ಮಾಡ್ಕೊಂಡು ಮನೆ ಬಿಟ್ಟು ಹೋಗ್ತಾ ಇದೀರ. ಮಗು ಮಲಗಿದೆ ಅನ್ನೋ ಹಾಗೆ ಹಾಕ್ತೀರಲ್ಲ!”

ಲೈಟಿನವರು ನಕ್ಕರು. ಭೈರೇಶನೂ ನಗಲು ನೋಡಿದ.

ಇಷ್ಟು ವರ್ಷ ಅವನು ಕಲಾ ವಿಭಾಗದಲ್ಲಿ ಸೆಟ್ಟು ಕಟ್ಟಿದವನು. ಜನ ಕಡಿಮೆ ಬಿದ್ದಾಗ ಹೆಣವಾಗಿ ಮಲಗಿದ್ದ, ಪೇದೆಯಾಗಿ ನಿಂತಿದ್ದ. ಮಾತಿರುವ ಪಾತ್ರ ಇದೇ ಮೊದಲು. ಮನೆಯಲ್ಲಿ ಒಪ್ಪಿಸಿ ಒಪ್ಪಿಸಿ ಹೆಂಡತಿ ನೀಲಾಂಬಿಕಾಗೂ ಅದು ಬಾಯಿಪಾಠವಾಗಿತ್ತು. ಮಾತು ತಪ್ಪುತ್ತಿರಲಿಲ್ಲ. ಬಾಗಿಲ ಹತ್ತಿರ ಬಂದಾಗ ಮಾತ್ರ ಕೈ ಸೋಲುತ್ತಿತ್ತು. ಆ ಪ್ಲೈವುಡ್ ಗೋಡೆಯನ್ನು ನಿಲ್ಲಿಸಿದವನು ಅವನೇ. ಮುಂದಿನ ಶಾಟಿಗೆ ತೆಗೆಯಬೇಕೆಂದು ಮೊಳೆ ಬಿಗಿದಿರಲಿಲ್ಲ. ಗೋಡೆಗೆ ಆಸರೆ ಕೊಡಿ ಎಂದು ಸೆಟ್ಟಿನ ಬಡಗಿಗಳ ಮೇಸ್ತ್ರಿ ಕರಿಬಸಪ್ಪನನ್ನು ಕೇಳೋಣವೆಂದರೆ, ಅವನು “ಹೀರೋ ಅವರೇ, ಇನ್ನು ನಮ್ಮ ಜೊತೆ ಮೊಳೆ ಹೊಡೀತೀರಾ?” ಎಂದು ಬೆಳಗಿನಿಂದ ಚುಚ್ಚುತ್ತಿದ್ದ.

ಜೀವನ್ ಹತ್ತಿರ ಬಂದು ದನಿ ತಗ್ಗಿಸಿದ. “ಇನ್ನೊಂದೇ ಸಲ ಅಣ್ಣಾ. ಆಗ್ಲಿಲ್ಲ ಅಂದ್ರೆ ಬೇರೆಯವ್ರ ಕೈಲಿ ಮಾಡಿಸ್ತೀನಿ, ಬೇಜಾರ್ ಮಾಡ್ಕೋಬೇಡಿ.”

ತಾಯಿಯ ಪಾತ್ರದ ಅಂಜನಮ್ಮನವರು ಗೋಡೆ ಪಕ್ಕದ ಮಂಚದಲ್ಲಿ ಕೂತಿದ್ದರು. “ಏನಾಯ್ತಪ್ಪಾ ನಿಂಗೆ?”

“ಜೋರಾಗಿ ಹಾಕಿದ್ರೆ ಗೋಡೆ ನಿಮ್ಮ ಮೇಲೆ ಬಿದ್ರೆ, ಅಮ್ಮಾ?”

“ಅಯ್ಯೋ, ಮೊದ್ಲೇ ಹೇಳ್ಬಾರ್ದಾ!” ಎಂದವರೇ ದನಿಯೇರಿಸಿದರು: “ಜೀವನ್, ಸೆರಗಿನ ಪಿನ್ ಬಿಚ್ಕೊಂಡಿದೆ, ಈಗ ಬಂದೆ.”

ಪಿನ್ ಇದ್ದಲ್ಲೇ ಇತ್ತು. ಅವರು ಗೋಡೆಯ ಹಿಂದೆ ಹೋಗಿ ಯಾರೊಡನೆಯೋ ಮಾತಾಡಿ ಬಂದು ಅದೇ ಮಂಚದಲ್ಲಿ ಕೂತರು. ಭೈರೇಶ್ ಗೋಡೆಯನ್ನೊಮ್ಮೆ, ಅವರನ್ನೊಮ್ಮೆ ನೋಡಿದ. ಬೇರೆ ಕಡೆ ಕೂರಬಾರದಿತ್ತೇ ಇವರು?

ಆಗ ಗೋಡೆಯ ಹಿಂದಿನಿಂದ ಪಿಸುದನಿ ಬಂತು. “ಹೊಡಿಯೋ ಭೈರಾ, ಹಿಡ್ಕೊಂಡಿದೀವಿ.”

ಕರಿಬಸಪ್ಪ!

“ಆ್ಯಕ್ಷನ್!”

“ಇವತ್ತಿಂದ ಈ ಮನೇಲಿ ನಾನು ಇಲ್ಲ ಅಂದ್ಕೊಳ್ಳಿ!” ಭೈರೇಶ್ ಹೊರಗೆ ಹೆಜ್ಜೆಯಿಟ್ಟು ಬಾಗಿಲನ್ನು ಎಳೆದು ಹೊಡೆದ. ಇಡೀ ಗೋಡೌನು ಗುಡುಗಿತು.

ಆಚೆ ಕರಿಬಸಪ್ಪನೂ ಇಬ್ಬರು ಬಡಗಿಗಳೂ ಕಣ್ಣು ಮುಚ್ಚಿ ಗೋಡೆಗೆ ಭುಜ ಕೊಟ್ಟು ನಿಂತಿದ್ದರು. ಗೋಡೆ ನಡುಗುತ್ತಿತ್ತು. ಭೈರೇಶ್ ತಾನೂ ಭುಜ ಕೊಟ್ಟ. ಒಳಗೆ ಅಂಜನಮ್ಮನವರ ಅಳು ಕೇಳುತ್ತಿತ್ತು. ಜೀವನ್ ಯಾಕೆ ಇನ್ನೂ ಕಟ್ ಹೇಳುತ್ತಿಲ್ಲ?

“ಓಕೆ! ಸೂಪರ್ ಭೈರಣ್ಣಾ!”

ಒಳಗೆ ಚಪ್ಪಾಳೆ ಬಿತ್ತು. ಇಲ್ಲಿ ಯಾರೂ ಗೋಡೆ ಬಿಡಲಿಲ್ಲ.

“ಹೋಗಿ ಮೊಳೆ ತಗೊಂಡ್ ಬಾರೋ,” ಎಂದ ಕರಿಬಸಪ್ಪ, ಮರುಕ್ಷಣವೇ ಭೈರೇಶನ ಮುಖ ನೋಡಿ, “ಬೇಡ, ನೀನು ಆ ಕಡೆ ಕೂತ್ಕೋ. ಬೆವರಿಗೆ ಮೇಕಪ್ ಇಳೀತಾ ಇದೆ,” ಎಂದ.