ಲಿದವ್ವನ ಪಾರ್ಟು

2014ರ ಬೇಸಿಗೆಯಲ್ಲಿ ಗದಗಿನಿಂದ ಅಮೆರಿಕದ ಓವರ್‌ಲೇಕ್‌ಗೆ, ಮಗಳು ಮಧುರಾಳ ಮನೆಗೆ ಬಂದ ಗೌರಾದೇವಿಗೆ ಮೊದಲು ಸಿಕ್ಕ ಗೆಳತಿ ಕೆಳಗಿನ ಮನೆಯ ರಷ್ಯನ್ ಮುದುಕಿ. ಹೆಸರು ಲಿದಿಯಾ ಪಾವ್ಲೋವ್ನಾ. ಅಷ್ಟುದ್ದ ಯಾರು ಕರೆಯಬೇಕು? ಗೌರಾದೇವಿ ಎರಡೇ ದಿನಕ್ಕೆ ಅದನ್ನು ಲಿದವ್ವ ಮಾಡಿಬಿಟ್ಟಳು.

ಲಿದವ್ವ ಒಂದು ಕಾಲಕ್ಕೆ ಲೆನಿನ್‌ಗ್ರಾಡಿನ ರಂಗದ ಮೇಲೆ ರಾಣಿ ಪಾರ್ಟು ಮಾಡಿದವಳು. ಆಮೇಲೆ ಸಿನಿಮಾ. ಗೋಡೆಯ ಒಂದು ಫೋಟೋದಲ್ಲಿ ಕಿರೀಟ, ಇನ್ನೊಂದರಲ್ಲಿ ಸೈನಿಕನನ್ನು ರೈಲು ಹತ್ತಿಸುತ್ತ ಅಳು. ಆ ಸಿನಿಮಾ ಬಂದಾಗ ಬೀದಿಗಿಳಿದರೆ ಜನ ಮುತ್ತಿಕೊಳ್ಳುತ್ತಿದ್ದರಂತೆ. ವಯಸ್ಸಾದ ಮೇಲೆ ತಾಯಿಯ ಪಾರ್ಟು, ಅಜ್ಜಿಯ ಪಾರ್ಟು, ಕೊನೆಗೆ ಬಾಗಿಲು ತೆರೆಯುವ ಆಳಿನ ಪಾರ್ಟು. ಮಗನ ಹಿಂದೆ ಅಮೆರಿಕಕ್ಕೆ ಬಂದ ಮೇಲೆ ಅದೂ ಇಲ್ಲ. ಇಲ್ಲಿಯವರ ಕಣ್ಣಿಗೆ ಅವಳು ಕೋಲೂರಿ ನಡೆಯುವ ಒಬ್ಬ ಮುದುಕಿ, ಅಷ್ಟೆ.

ಈಗ ಇಲ್ಲಿಯ ರಷ್ಯನ್ ಮಂದಿ ಹತ್ತಿರದ ಮರ್ಸರ್ ಐಲ್ಯಾಂಡಿನಲ್ಲಿ ಒಂದು ಸಂಜೆ ನಾಟಕ ಇಟ್ಟುಕೊಂಡು, ಒಬ್ಬಳೇ ಆಡುವ ಪಾರ್ಟನ್ನು ಅವಳಿಗೆ ಕೊಟ್ಟಿದ್ದರು. ಆದರೆ ಮಾತು ನೆನಪಿನಲ್ಲಿ ನಿಲ್ಲುತ್ತಿರಲಿಲ್ಲ. ನೋಡಿಕೊಂಡು ಓದಿಬಿಡು ಎಂದ ಮಗನ ಮೇಲೆ ಉರಿದುಬಿದ್ದಳು. ಓದುವುದಕ್ಕೆ ನಟಿ ಯಾಕೆ ಬೇಕು? ಮರೆತರೆ ಇದೇ ಕೊನೆ, ಮತ್ತೆ ರಂಗ ಹತ್ತುವುದಿಲ್ಲ ಎಂದು ಮಧುರಾಳ ಹತ್ತಿರ ಹೇಳಿಕೊಂಡಿದ್ದಳು. ಹಾಗಾಗಿ ದಿನಾ ಮಧ್ಯಾಹ್ನ ಗೌರಾದೇವಿಯನ್ನು ಎದುರಿಗೆ ಕೂರಿಸಿಕೊಂಡು ತಾಲೀಮು. ಒಂದಕ್ಷರ ರಷ್ಯನ್ ಬಾರದವಳ ಮುಂದೆ ತಪ್ಪಿದರೂ ನಾಚಿಕೆಯಿಲ್ಲವಲ್ಲ! ಕಥೆಯನ್ನಷ್ಟೇ ಮಗಳಿಂದ ಕೇಳಿ ತಿಳಿದಿದ್ದ ಗೌರಾದೇವಿ ಚಾ ಕುಡಿಯುತ್ತ ನೋಡುವಳು. ಗಂಡ ಸತ್ತ ಸುದ್ದಿ ಬರುವ ಜಾಗದಲ್ಲಿ ಲಿದವ್ವ ಶಾಲನ್ನು ತಲೆಯ ಮೇಲೆ ಎಳೆದುಕೊಂಡಾಗ ದಿನವೂ ಅಳುವಳು.

ನಾಟಕದ ಸಂಜೆ ಮಧುರಾ ಇಬ್ಬರನ್ನೂ ಕಾರಿನಲ್ಲಿ ಕರೆದೊಯ್ದಳು. ಬಣ್ಣದ ಕೋಣೆಯಲ್ಲಿ ಲಿದವ್ವನ ಕೈಯಿಂದ ನಾಟಕದ ಹಾಳೆಗಳು ಜಾರಿ ನೆಲಕ್ಕೆ ಬಿದ್ದವು. ಗೌರಾದೇವಿ ಲಗುಬಗೆಯಿಂದ ಎತ್ತಿ ಕಣ್ಣಿಗೊತ್ತಿಕೊಂಡಳು. ಲಿದವ್ವ ಕಿಟಾರನೆ ಕಿರುಚಿದಳು.

ಮಧುರಾ ಇಂಗ್ಲಿಷಿನಲ್ಲಿ ಕೇಳಿ ತಿಳಿದುಕೊಂಡು ತಾಯಿಯ ಕಡೆ ತಿರುಗಿದಳು. "ಅವ್ವಾ, ಯಾಕ ಎತ್ತಿದಿ? ಹಾಳಿ ಬಿದ್ರ ಮೊದಲ ಅದರ ಮ್ಯಾಲ ಕುಂತು, ಆಮ್ಯಾಲ ಎತ್ತಬೇಕಂತ. ಇಲ್ಲಾಂದ್ರ ಪಾರ್ಟು ಕೆಡತೈತಂತ. ಅವರ ಕಡಿ ನಟರು ಹಂಗ ಮಾಡ್ತಾರಂತ."

"ಹಾಳಿ ಮ್ಯಾಲ ಕುಂದರೂದಾ? ಸರಸ್ವತಿ ಅಲ್ಲೇನ ಅದು!"

"ನಾ ರಂಗದ ಮ್ಯಾಲ ಹೋಗಂಗಿಲ್ಲ ಅನ್ನಾಕತ್ತಾರ. ಮೊಣಕಾಲು ಆಪರೇಷನ್ ಆಗೇತಿ, ನೆಲಕ್ಕ ಕುಂದರಾಕೂ ಬರಂಗಿಲ್ಲ."

ಗೌರಾದೇವಿ ಗೆಳತಿಯ ಮುಖ ನೋಡಿದಳು. ಹಚ್ಚಿದ ಬಣ್ಣದ ಮೇಲೆ ಕಣ್ಣೀರು ಇಳಿಯುತ್ತಿತ್ತು. ಹರಿದ ಪೇಪರು ಕಾಲಿಗೆ ತಾಕಿದರೂ ನಮಸ್ಕಾರ ಮಾಡುವ ಹೆಂಗಸು ಇವಳು. ಆದರೂ ಹಾಳೆಗಳನ್ನು ಬಿದ್ದ ಜಾಗದಲ್ಲೇ ಇಟ್ಟಳು. "ತಪ್ಪಾತು ತಾಯಿ. ಈಕಿ ಸಲುವಾಗಿ," ಎಂದು ಕೈ ಮುಗಿದು, ಸೀರೆ ಸರಿಮಾಡಿಕೊಂಡು, ಅದರ ಮೇಲೆ ಗಟ್ಟಿಯಾಗಿ ಕುಳಿತುಬಿಟ್ಟಳು. ಲಿದವ್ವ ಅಳುತ್ತಲೇ ನಕ್ಕಳು.

ಅರ್ಧ ನಾಟಕ ಸರಾಗವಾಗಿ ಸಾಗಿತು. ಆಮೇಲೆ ಲಿದವ್ವ ನಿಂತುಬಿಟ್ಟಳು. ತುಟಿ ಅಲ್ಲಾಡಿತು, ಮಾತು ಬರಲಿಲ್ಲ. ಮುಂದಿನ ಸಾಲಿನಲ್ಲಿದ್ದ ಗೌರಾದೇವಿ ಕುರ್ಚಿಯ ತುದಿಗೆ ಸರಿದಳು. ಮಾತು ಇವಳಿಗೆಲ್ಲಿ ಗೊತ್ತು? ಗೊತ್ತಿದ್ದದ್ದು ಇಷ್ಟೇ, ಇಲ್ಲಿ ಶಾಲು ಬರಬೇಕು. ಎದ್ದು ನಿಂತು ತನ್ನ ಸೆರಗನ್ನು ನಿಧಾನವಾಗಿ ತಲೆಯ ಮೇಲೆ ಎಳೆದುಕೊಂಡಳು. ಲಿದವ್ವನ ಕೈ ತಾನಾಗಿ ಶಾಲಿಗೆ ಹೋಯಿತು. ಕೈಯ ಹಿಂದೆಯೇ ಮಾತೂ ಬಂತು.

ಚಪ್ಪಾಳೆ ಬಹಳ ಹೊತ್ತು ನಿಲ್ಲಲಿಲ್ಲ. ವಾಪಸು ಬರುವಾಗ ಕಾರಿನಲ್ಲಿ ಲಿದವ್ವ ಮಡಿಲ ತುಂಬ ಹೂವಿಟ್ಟುಕೊಂಡು, ಮುಂದಿನ ವರ್ಷ ರಾಣಿ ಪಾರ್ಟನ್ನೇ ಮಾಡುತ್ತೇನೆ ಎನ್ನುತ್ತಿದ್ದಳು. ಗೌರಾದೇವಿ ಮಾತ್ರ ಹಾಳೆಗಳಿದ್ದ ಚೀಲದ ಕಡೆ ನೋಡಿ ನೋಡಿ ಕೈ ಮುಗಿಯುತ್ತಿದ್ದಳು. ಸರಸ್ವತಿಯ ಮೇಲೆ ಕುಳಿತದ್ದು ಈಗ ಕಾಡತೊಡಗಿತ್ತು. ಲಿದವ್ವ ಅವಳನ್ನು ಒಮ್ಮೆ ನೋಡಿ, ಚೀಲದಿಂದ ಆ ಹಾಳೆಗಳನ್ನು ತೆಗೆದಳು. ಸಂಜೆ ಕಂಡಿದ್ದಂತೆಯೇ ತನ್ನ ಎರಡೂ ಕಣ್ಣಿಗೆ ಒತ್ತಿಕೊಂಡಳು, ಆಮೇಲೆ ಗೌರಾದೇವಿಯ ಕಣ್ಣಿಗೂ ಒತ್ತಿದಳು. ಇಬ್ಬರ ಕಾಡಿಗೆಯೂ ಹಾಳೆಗೆ ಹತ್ತಿತು.